ಮೊಣಕಾಲಿನ ಮೇಲಿನ ಲೋಕ

ದೆಹಲಿಯ ಆರ್.ಕೆ. ಪುರಂನಲ್ಲಿ ಚಳಿಗಾಲದ ಬೆಳಗು ಸೋಮಾರಿಯಾಗಿ ಮೈಮುರಿಯುತ್ತದೆ. ಎಂಟು ಗಂಟೆಯಾದರೂ ಮಂಜು ಬೇವಿನ ಕೊಂಬೆಗಳಲ್ಲೇ ಸಿಕ್ಕಿಕೊಂಡಿರುತ್ತದೆ. ಸರ್ಕಾರಿ ವಸತಿಗೃಹಗಳ ಗೋಡೆಯ ಪಕ್ಕ ಚಹಾ ಗಾಡಿಯವನು ಶುಂಠಿ ಜಜ್ಜುತ್ತಾನೆ. ಕುದಿಯುವ ಹಾಲಿನ ಆವಿಯ ಜೊತೆ ಏಲಕ್ಕಿಯ ಘಮ ರಸ್ತೆಗೆ ಬರುತ್ತದೆ. ತರಕಾರಿ ಗಾಡಿಯವನ ಕೂಗು, ಸ್ಕೂಲ್ ವ್ಯಾನಿನ ಹಾರ್ನು, ಯಾವುದೋ ಮಹಡಿಯಿಂದ ಕುಕ್ಕರಿನ ಸೀಟಿ. ಇಷ್ಟೆಲ್ಲದರ ನಡುವೆ, ಕಿವಿಗೊಟ್ಟರೆ ಮಾತ್ರ ಕೇಳಿಸುವ ಇನ್ನೊಂದು ಸದ್ದಿದೆ. ಟಕ್, ಒಂದು ಹೆಜ್ಜೆ, ಟಕ್, ಇನ್ನೊಂದು ಹೆಜ್ಜೆ. ಬಿಳಿ ಬೆತ್ತ ಹಿಡಿದ ಯುವಕನೊಬ್ಬ ಫುಟ್‌ಪಾತಿನ ಮೇಲೆ ನಡೆದು ಬರುತ್ತಿದ್ದಾನೆ. ಈ ಬಡಾವಣೆಯ ಐದನೇ ಸೆಕ್ಟರಿನಲ್ಲಿ ರಾಷ್ಟ್ರೀಯ ಅಂಧರ ಸಂಘದ ದೆಹಲಿ ಶಾಖೆ ಇದೆ. ಹಾಗಾಗಿ ಇಲ್ಲಿನ ಅಂಗಡಿಯವರಿಗೆ, ಆಟೋದವರಿಗೆ ಈ ಸದ್ದು ಹೊಸದಲ್ಲ.

ನಾವು ಸ್ವಲ್ಪ ಹಿಂದೆಯೇ ಇರೋಣ. ಓಡಿಹೋಗಿ ತೋಳು ಹಿಡಿದು ದಾಟಿಸುವ ಆತುರ ಬೇಡ. ಕಣ್ಣಿರುವವರಿಗೆ ಈ ಆತುರ ಜಾಸ್ತಿ. ಕೇಳದೆ ಹಿಡಿದ ತೋಳು ಎಷ್ಟೋ ಸಲ ಅವರ ಲೆಕ್ಕವನ್ನೇ ತಪ್ಪಿಸುತ್ತದೆ. ಸುಮ್ಮನೆ ಆ ಬೆತ್ತದ ತುದಿಯನ್ನು ನೋಡಿ. ಎಡಗಾಲು ಮುಂದೆ ಬಂದಾಗ ತುದಿ ಬಲಕ್ಕೆ ತಾಗುತ್ತದೆ, ಬಲಗಾಲು ಬಂದಾಗ ಎಡಕ್ಕೆ. ಭುಜದ ಅಗಲಕ್ಕಿಂತ ತುಸುವೇ ಹೆಚ್ಚು, ಅಷ್ಟೆ. ಎರಡನೇ ಮಹಾಯುದ್ಧದಲ್ಲಿ ಕಣ್ಣು ಕಳೆದುಕೊಂಡು ಮರಳಿದ ಸೈನಿಕರಿಗಾಗಿ ಅಮೆರಿಕದ ರಿಚರ್ಡ್ ಹೂವರ್ ರೂಪಿಸಿದ ನಡಿಗೆಯ ಪಾಠ ಇದು. ಬೆತ್ತದ ತುದಿ ಸಿಮೆಂಟಿಗೆ ತಾಗಿದಾಗ ಒಂದು ಸದ್ದು, ಕಿತ್ತುಹೋದ ಟೈಲ್ಸಿಗೆ ಇನ್ನೊಂದು, ಮ್ಯಾನ್‌ಹೋಲಿನ ಕಬ್ಬಿಣದ ಮುಚ್ಚಳಕ್ಕೆ ಮತ್ತೊಂದು. ಮಣ್ಣಾದರೆ ಸದ್ದೇ ಇಲ್ಲ, ಕೈಗೆ ಬರೀ ಮೆತ್ತಗಿನ ತಡೆ. ಚರಂಡಿಯ ಅಂಚು ಬಂದರೆ ತುದಿ ಗಾಳಿಯಲ್ಲಿ ಜಾರುತ್ತದೆ, ಕಾಲು ತಾನಾಗಿ ನಿಲ್ಲುತ್ತದೆ. ಬೆತ್ತ ತಾಗಿದಷ್ಟು ನೆಲವನ್ನು ಅವನು ನಮಗಿಂತ ಚೆನ್ನಾಗಿ ಬಲ್ಲ.

ಆದರೆ ನೆಲವನ್ನು ಮಾತ್ರ. ಅಲ್ಲಿ ನೋಡಿ, ಹಣ್ಣಿನ ಗಾಡಿಯ ಮೇಲೆ ಕಟ್ಟಿದ ಛತ್ರಿಯ ಕಡ್ಡಿ ರಸ್ತೆಗೆ ಚಾಚಿಕೊಂಡಿದೆ. ಅದರಾಚೆ ನಿಂತ ಲಾರಿಯ ಹಿಂಬದಿಯ ಹಲಗೆ ಎದೆಯೆತ್ತರಕ್ಕೆ ಹೊರಬಂದಿದೆ. ಅದರ ಚಕ್ರಗಳು ಎಷ್ಟೋ ಒಳಗಿರುವುದರಿಂದ ಬೆತ್ತ ಸಲೀಸಾಗಿ ಹಲಗೆಯ ಕೆಳಗೆ ನುಗ್ಗುತ್ತದೆ, ಮನುಷ್ಯ ನುಗ್ಗಲಾರ. ಕಿಟಕಿಗೆ ಸಿಕ್ಕಿಸಿದ ಏಸಿ ಡಬ್ಬ, ಹೊರಕ್ಕೆ ತೆರೆದಿಟ್ಟ ಕಿಟಕಿಯ ಬಾಗಿಲು, ಬಾಗಿದ ಕೊಂಬೆ, ಬ್ಯಾನರಿಗೆ ಬಿಗಿದ ತಂತಿ, ನಾಲ್ಕು ಕಾಲಿನ ನಡುವೆ ಬೆತ್ತಕ್ಕೆ ದಾರಿ ಬಿಟ್ಟು ಮೆಲುಕು ಹಾಕುತ್ತ ನಿಂತ ಹಸು. ಬೆತ್ತಕ್ಕೆ ಮೊಣಕಾಲಿನ ಮೇಲಿನ ಲೋಕ ಗೊತ್ತೇ ಇಲ್ಲ. ಆ ಲೋಕದ ಸುದ್ದಿ ಮೊದಲು ತಲುಪುವುದು ಹಣೆಗೆ ಅಥವಾ ಎದೆಗೆ. ಬಹಳ ವರ್ಷ ಒಬ್ಬರೇ ಓಡಾಡಿದ ಅಂಧರ ಹುಬ್ಬಿನ ಮೇಲೆ, ಮೂಗಿನ ಏಣಿನ ಮೇಲೆ ಹಳೆಯ ಗಾಯದ ಗುರುತುಗಳಿದ್ದರೆ ಅದಕ್ಕೆ ಕಾರಣ ಕೇಳಬೇಕಾಗಿಲ್ಲ.

2005ರಲ್ಲಿ ಇಲ್ಲಿಂದ ಹೆಚ್ಚು ದೂರವಿಲ್ಲದ ಹೌಸ್ ಖಾಸ್‌ನ ಐಐಟಿಯಿಂದ ಕೆಲವು ವಿದ್ಯಾರ್ಥಿಗಳು ಈ ಗಾಯಗಳ ಕಥೆ ಕೇಳತೊಡಗಿದರು. ಮಹಾ ಸಂಕಲ್ಪವೇನೂ ಅಲ್ಲ, ಪದವಿ ತರಗತಿಯ ಒಂದು ಕೋರ್ಸಿನ ಪ್ರಾಜೆಕ್ಟ್. ಕಂಪ್ಯೂಟರ್ ವಿಜ್ಞಾನ ವಿಭಾಗದ ಪ್ರಾಧ್ಯಾಪಕ ಎಂ. ಬಾಲಕೃಷ್ಣನ್ ಅದರ ಮಾರ್ಗದರ್ಶಕರು. ಹುಡುಗರಲ್ಲಿ ಮುಂದಾಳು ರೋಹನ್ ಪಾಲ್. ಜೊತೆಗೆ ಧೀರಜ್ ಮೆಹ್ರಾ, ವೈಭವ್ ಸಿಂಗ್, ಅಂಕುಶ್ ಗರ್ಗ್. ಪರೀಕ್ಷೆ, ಅಂಕ, ಕ್ಯಾಂಪಸ್ ಸಂದರ್ಶನದ ವಯಸ್ಸು. ಯಾವುದೇ ಎಂಜಿನಿಯರಿಂಗ್ ಕಾಲೇಜಿನ ಪ್ರಯೋಗಾಲಯ ನೋಡಿದವರಿಗೆ ಅವರ ಕೆಲಸದ ಮೇಜನ್ನು ಬಣ್ಣಿಸಿ ಹೇಳಬೇಕಿಲ್ಲ: ಕೆಂಪು-ಕಪ್ಪು-ಹಳದಿ ತಂತಿಗಳ ಗೋಜಲು, ಬೆಸುಗೆ ಹಾಕುವಾಗ ಏಳುವ ರಾಳದ ಹೊಗೆ, ಮೂಗಿಗೆ ಏರುವ ಅದರ ಕಮಟು, ಅರ್ಧ ಕುಡಿದಿಟ್ಟ ಚಹಾದ ಲೋಟ. ಇಂಥ ಮೇಜುಗಳ ಮೇಲೆ ಪ್ರತಿವರ್ಷ ನೂರಾರು ಯಂತ್ರಗಳು ಹುಟ್ಟುತ್ತವೆ. ಪರೀಕ್ಷಕರ ಮುಂದೆ ಒಂದು ಸಲ ದೀಪ ಮಿನುಗಿಸಿ, ಅಂಕ ಗಿಟ್ಟಿಸಿ, ಬೀರು ಸೇರುತ್ತವೆ. ಇದೂ ಹಾಗೆಯೇ ಬೀರು ಸೇರಬಹುದಿತ್ತು.

ಮೊಣಕಾಲಿನ ಮೇಲಿನ ಅಡ್ಡಿಗಳನ್ನು ತಾಗುವ ಮೊದಲೇ ತಿಳಿಸಬೇಕಾದ ಈ ಯಂತ್ರದ ತತ್ವ ಹಳೆಯದು. ಬಾವಲಿಗಳಿಗೆ ಯಾವತ್ತೋ ಗೊತ್ತಿತ್ತು. ಮನುಷ್ಯನ ಕಿವಿಗೆ ಎಟುಕುವ 20,000 ಹರ್ಟ್ಸ್ ಮಿತಿಯನ್ನು ದಾಟಿದ ಶಬ್ದವನ್ನು ಮುಂದಕ್ಕೆ ಚಿಮ್ಮಿಸುವುದು, ಅದು ಏನಕ್ಕಾದರೂ ಬಡಿದು ಮರಳುವುದನ್ನು ಕಾಯುವುದು, ಹೋಗಿಬರಲು ಹಿಡಿದ ಸಮಯದಿಂದ ದೂರವನ್ನು ಅಳೆಯುವುದು. ಗಾಳಿಯಲ್ಲಿ ಶಬ್ದದ ವೇಗ ಸೆಕೆಂಡಿಗೆ ಸುಮಾರು 343 ಮೀಟರ್. ಮೂರು ಮೀಟರ್ ಆಚೆಯ ಲಾರಿಗೆ ತಾಗಿ ಪ್ರತಿಧ್ವನಿ ಮರಳಲು ಸೆಕೆಂಡಿನ ಸಾವಿರ ಪಾಲಿನಲ್ಲಿ ಹದಿನೇಳೋ ಹದಿನೆಂಟೋ ಪಾಲು ಸಾಕು. ಕಣ್ಣು ಮಿಟುಕಿಸುವುದಕ್ಕೂ ಇದಕ್ಕಿಂತ ಎಷ್ಟೋ ಹೆಚ್ಚು ಹೊತ್ತು ಬೇಕು. ಬೆಳಕನ್ನು ನಂಬಿದ ಸೆನ್ಸರುಗಳು ಗಾಜಿನ ಬಾಗಿಲ ಮುಂದೆ ಮೋಸ ಹೋಗಬಹುದು, ಶಬ್ದ ಹಾಗಲ್ಲ. ಗಾಜಿಗೂ ಬಡಿಯುತ್ತದೆ, ಗೋಡೆಗೂ ಬಡಿಯುತ್ತದೆ, ಮರಳಿ ಬಂದು ಹೇಳುತ್ತದೆ.

ಹೇಳುವುದು ಹೇಗೆ ಎಂಬಲ್ಲಿ ಹುಡುಗರ ಜಾಣತನ ಕಾಣುತ್ತದೆ. ನಮ್ಮ ನಿಮ್ಮಂಥವರಿಗೆ ಮೊದಲು ಹೊಳೆಯುವುದು ಮಾತು: ‘ಮುಂದೆ ಲಾರಿ ಇದೆ’ ಎಂದು ಇಂಪಾದ ದನಿಯಲ್ಲಿ ಹೇಳುವ ಯಂತ್ರ, ಕಿವಿಗೊಂದು ಇಯರ್‌ಫೋನ್. ಆದರೆ ಆರ್.ಕೆ. ಪುರಂನ ಈ ಯುವಕನ ಕಿವಿ ಈಗ ಏನೇನು ಮಾಡುತ್ತಿದೆ ಎಂದು ಒಂದು ಕ್ಷಣ ಯೋಚಿಸಿ. ಎಡಗಡೆ ಹಾದುಹೋದ ಆಟೋದ ಸದ್ದಿನಿಂದ ರಸ್ತೆ ಎತ್ತ ತಿರುಗುತ್ತದೆಂದು ತಿಳಿಯುತ್ತಿದೆ. ಶುಂಠಿ ಜಜ್ಜುವ ಸದ್ದು ಹಿಂದೆ ಉಳಿದದ್ದರಿಂದ ಎಷ್ಟು ದೂರ ಬಂದೆನೆಂದು ಎಣಿಸುತ್ತಿದೆ. ಗೋಡೆ ಮುಗಿದು ಓಣಿ ತೆರೆದುಕೊಂಡಲ್ಲಿ ತನ್ನದೇ ಬೆತ್ತದ ಸದ್ದು ತುಸು ಟೊಳ್ಳಾದದ್ದನ್ನೂ ಗುರುತಿಸುತ್ತಿದೆ. ಅಂಥ ಕಿವಿಯನ್ನು ಯಂತ್ರದ ಹರಟೆಯಿಂದ ತುಂಬಿದರೆ ಅವನ ಉಳಿದ ದಿಕ್ಕುಗಳೂ ಹೋದವು. ಹಾಗಾಗಿ ಸುದ್ದಿ ಅಂಗೈಗೆ ಬಂತು. ಹಿಡಿಯೊಳಗೆ ಒಂದು ಕಂಪನ. ವಸ್ತು ದೂರವಿದ್ದರೆ ಒಂದು ಬಗೆಯ ಮಿಡಿತ, ಹತ್ತಿರವಾದಂತೆ ಮಿಡಿತದ ಗತಿ ಬೇರೆ. ಜೇಬಿನಲ್ಲಿ ಮೊಬೈಲು ವೈಬ್ರೇಟ್ ಆದದ್ದು ಗೊತ್ತಾಗುವ ಯಾರಿಗಾದರೂ ಇದರ ವ್ಯಾಕರಣ ಅರ್ಥವಾಗುತ್ತದೆ.

ಇನ್ನೊಂದು ತೀರ್ಮಾನ ನನಗೆ ಇದಕ್ಕಿಂತಲೂ ಇಷ್ಟ. ಅವರು ಬೆತ್ತವನ್ನು ಬದಲಾಯಿಸಲಿಲ್ಲ. ಮಡಚುವ ಸಾಮಾನ್ಯ ಬಿಳಿ ಬೆತ್ತ ಹಾಗೆಯೇ ಇರಲಿ, ಅದರ ತಲೆಗೆ ಸಿಕ್ಕಿಸುವ ಹಿಡಿಯನ್ನಷ್ಟೇ ಮಾಡೋಣ ಎಂದರು. ನೆಲದ ಕೆಲಸ ಬೆತ್ತದ್ದು, ಮೇಲಿನ ಕೆಲಸ ಹಿಡಿಯದು. ಬ್ಯಾಟರಿ ಮುಗಿದರೆ, ಕೈಜಾರಿ ಬಿದ್ದು ಕೆಟ್ಟರೆ, ರಿಪೇರಿಗೆ ಕೊಟ್ಟರೆ, ಕೈಯಲ್ಲಿ ಬೆತ್ತವಂತೂ ಉಳಿದೇ ಇರುತ್ತದೆ, ಮನೆ ಸೇರಬಹುದು. ಬಹಳ ಬುದ್ಧಿವಂತ ಯಂತ್ರಗಳು ಕೆಟ್ಟಾಗ ಮನುಷ್ಯನನ್ನು ನಡುದಾರಿಯಲ್ಲಿ ಬಿಡುತ್ತವೆ. ಇದು ಬಿಡುವುದಿಲ್ಲ.

ಮೇಜಿನ ಮೇಲಿನ ಯಂತ್ರ ಕೆಲಸ ಮಾಡಿತು. ಅಲ್ಲಿಂದ ಅದು ಅಂಗಡಿಯ ಬೆಲೆಪಟ್ಟಿ ತಲುಪಿದ್ದು 2014ರಲ್ಲಿ. ನಡುವೆ ಒಂಬತ್ತು ವರ್ಷ. ತಂತಿ ಜೋಡಿಸಿದ ಹುಡುಗರ ಮುಂದಾಳು ರೋಹನ್ ಪಾಲ್ ಅಷ್ಟರಲ್ಲಿ ಆಕ್ಸ್‌ಫರ್ಡಿಗೆ ಹೋಗಿ ರೋಬಾಟ್‌ಗಳ ಮೇಲೆ ಡಾಕ್ಟರೇಟ್ ಸಂಶೋಧನೆಗೆ ತೊಡಗಿದ್ದರು. ಆದರೂ ಬೆತ್ತವನ್ನು ಕೈಬಿಡಲಿಲ್ಲ. ಈ ಒಂಬತ್ತು ವರ್ಷ ಎಲ್ಲಿ ಹೋದವು ಎಂದು ಕೇಳಿದರೆ ಉತ್ತರ ಸಪ್ಪೆಯಾಗಿ ಕಾಣುತ್ತದೆ: ಹಿಡಿಯ ಆಕಾರಕ್ಕೆ ಹೋದವು, ಪ್ಲಾಸ್ಟಿಕ್ಕಿಗೆ ಹೋದವು, ಗುಂಡಿಗಳ ಜಾಗಕ್ಕೆ ಹೋದವು. ಸಪ್ಪೆ ಏನಲ್ಲ, ಬನ್ನಿ, ಒಂದು ಹಿಡಿಯನ್ನು ಕೈಗೆ ತೆಗೆದುಕೊಂಡು ನೋಡೋಣ.

ಎಲ್ಲರೂ ಬೆತ್ತವನ್ನು ಒಂದೇ ರೀತಿ ಹಿಡಿಯುವುದಿಲ್ಲ. ಕೆಲವರು ತೋರುಬೆರಳನ್ನು ಬೆತ್ತದ ಉದ್ದಕ್ಕೆ ಚಾಚುತ್ತಾರೆ, ಕೆಲವರು ಪೆನ್ನು ಹಿಡಿದಂತೆ ಮೇಲಿನಿಂದ ಹಿಡಿಯುತ್ತಾರೆ, ಜನಜಂಗುಳಿಯಲ್ಲಿ ಎದೆಯ ಹತ್ತಿರಕ್ಕೆ ಎಳೆದುಕೊಳ್ಳುತ್ತಾರೆ. ಹಿಡಿ ತಿರುಚಿದರೆ ಸೆನ್ಸರ್ ಆಕಾಶ ನೋಡುತ್ತದೆ ಇಲ್ಲವೇ ಪಕ್ಕದ ಗೋಡೆಯನ್ನು ನೋಡುತ್ತದೆ. ಆದ್ದರಿಂದ ಬೆರಳು ಕೂರುವ ಜಾಗ ಬೆರಳಿಗೇ ತಿಳಿಯಬೇಕು, ಸೆನ್ಸರಿನ ಮುಖ ಯಾವ ಕಡೆಗಿದೆ ಎಂದು ಮುಟ್ಟಿದೊಡನೆ ಗೊತ್ತಾಗಬೇಕು. ದಿನವಿಡೀ ಬೀಸುವ ಮಣಿಕಟ್ಟಿಗೆ ಭಾರವಾಗಬಾರದು. ಸ್ವಿಚ್ಚು ಆನ್ ಆಗಿದೆಯೋ ಇಲ್ಲವೋ ಎಂದು ಹೇಳಲು ಮಿನುಗುವ ದೀಪ ಇಟ್ಟರೆ ನಗೆಪಾಟಲು; ಅದಕ್ಕೆ ಸದ್ದು ಬೇಕು. ಬ್ಯಾಟರಿಯ ಸೆಲ್ಲು ಹುಡುಕಿಕೊಂಡು ಅಂಗಡಿಗೆ ಅಲೆಯುವಂತಿರಬಾರದು. ಮೊಬೈಲಿನಂತೆ ರಾತ್ರಿ ಚಾರ್ಜಿಗೆ ಹಾಕಿದರೆ ಬೆಳಿಗ್ಗೆ ಹೊರಡಲು ಸಿದ್ಧವಿರಬೇಕು. ಮೆಕ್ಯಾನಿಕಲ್ ವಿಭಾಗದ ಪ್ರಾಧ್ಯಾಪಕ ಪಿ.ವಿ.ಎಂ. ರಾವ್ ಜೊತೆಗೂಡಿದ್ದು ಇಂಥ ಕೆಲಸಗಳಿಗೆ. ಮಾಡಿದ್ದನ್ನು ಮತ್ತೆ ಮತ್ತೆ ಅಂಧರ ಕೈಗೇ ಕೊಟ್ಟು, ಅವರು ಹೇಳಿದ ತಪ್ಪುಗಳನ್ನು ತಿದ್ದಿ, ಮತ್ತೆ ಕೊಡುವುದು ನಡೆಯಿತು. ಸ್ವತಃ ದೃಷ್ಟಿ ಇಲ್ಲದ ದೀಪೇಂದ್ರ ಮನೋಚಾ ಅವರ ಸಕ್ಷಮ್ ಟ್ರಸ್ಟ್ ಬಳಕೆದಾರರ ಕಡೆಯ ಮಾತನ್ನು ಈ ಕೆಲಸದೊಳಕ್ಕೆ ತಂದಿತು. ಚೆನ್ನೈನ ಫೀನಿಕ್ಸ್ ಮೆಡಿಕಲ್ ಸಿಸ್ಟಮ್ಸ್ ತಯಾರಿಕೆ ವಹಿಸಿಕೊಂಡಿತು. ಬ್ರಿಟನ್ನಿನ ವೆಲ್‌ಕಮ್ ಟ್ರಸ್ಟ್ ಹಣ ಕೊಟ್ಟಿತು.

ಇಂಥ ಶಬ್ದದ ಬೆತ್ತಗಳು ಹೊರದೇಶಗಳಲ್ಲಿ ಆಗಲೇ ಇದ್ದವು, ಬೆಲೆ ಹತ್ತಾರು ಸಾವಿರ ರೂಪಾಯಿ. ‘ಸ್ಮಾರ್ಟ್‌ಕೇನ್’ ಎಂಬ ಹೆಸರಿನಲ್ಲಿ ಬಂದ ಈ ಹಿಡಿಯ ಬೆಲೆ ಆಗ ಸುಮಾರು 3,000 ರೂಪಾಯಿ. ಅಗ್ಗ ಮಾಡುವುದು ಅಗ್ಗದ ಕೆಲಸವಲ್ಲ. ಪ್ರಯೋಗಾಲಯದಲ್ಲಿ ಒಂದನ್ನು ಮಾಡಿ ಚಪ್ಪಾಳೆ ಪಡೆಯುವುದಕ್ಕೂ, ಅಚ್ಚಿನಿಂದ ಸಾವಿರಾರು ಒಂದೇ ಸಮ ಹೊರಬೀಳುವಂತೆ ಮಾಡಿ, ದೆಹಲಿಯ ಮೇ ತಿಂಗಳ ಧೂಳಿಗೂ ಬೆವರುಗೈಗೂ ಜಗ್ಗದಂತೆ ಕಾಪಾಡಿ, ಆಮೇಲೂ ಬೆಲೆ ಏರದಂತೆ ನೋಡಿಕೊಳ್ಳುವುದಕ್ಕೂ ಬಹಳ ಅಂತರ. ಪತ್ರಿಕೆಗಳು ಸಾಮಾನ್ಯವಾಗಿ ಮೊದಲನೆಯದರ ಫೋಟೋ ಹಾಕುತ್ತವೆ. 2011ರ ಜನಗಣತಿಯಲ್ಲಿ ದೃಷ್ಟಿದೋಷವುಳ್ಳವರೆಂದು ಬರೆಸಿದವರು ದೇಶದಲ್ಲಿ 50 ಲಕ್ಷಕ್ಕೂ ಹೆಚ್ಚು, ಕರ್ನಾಟಕದಲ್ಲೇ 2.64 ಲಕ್ಷದಷ್ಟು. ಅವರಲ್ಲಿ ಹೆಚ್ಚಿನವರಿಗೆ 3,000 ರೂಪಾಯಿಯೂ ಸಣ್ಣ ಮೊತ್ತವಲ್ಲ ಎಂಬುದನ್ನೂ ಮರೆಯುವಂತಿಲ್ಲ.

ಹೊಸ ಹಿಡಿ ಸಿಕ್ಕಿದ ತಕ್ಷಣ ಯಾರೂ ರಸ್ತೆಗಿಳಿಯುವುದಿಲ್ಲ. ಮೊದಲು ಒಂದು ಖಾಲಿ ಹಜಾರ, ಅಂಚಿಗೆ ಒಂದು ಗೋಡೆ. ಕಲಿಸುವವರು ಪಕ್ಕದಲ್ಲಿರುತ್ತಾರೆ, ಮುಟ್ಟುವುದಿಲ್ಲ. ಕಲಿಯುವವನು ಗೋಡೆಯತ್ತ ಹೆಜ್ಜೆ ಹಾಕುತ್ತಾನೆ. ಅಂಗೈಯಲ್ಲಿ ಮಿಡಿತ ಶುರುವಾಗುತ್ತದೆ. ಇನ್ನೊಂದು ಹೆಜ್ಜೆ, ಮಿಡಿತ ಬಿರುಸಾಗುತ್ತದೆ. ಗೋಡೆ ಇನ್ನೂ ತಾಗಿಲ್ಲ, ಆದರೆ ಇದೆ. ಕೈ ತಾನಾಗಿ ಮುಂದಕ್ಕೆ ಚಾಚಿಕೊಳ್ಳುತ್ತದೆ, ಇದೆಯೋ ಇಲ್ಲವೋ ಎಂದು ಪರೀಕ್ಷಿಸಲು. ಇಷ್ಟು ವರ್ಷ ತಾಗಿದ ಮೇಲಷ್ಟೇ ಇದ್ದ ಜಗತ್ತು ತಾಗುವ ಮೊದಲೇ ಸುದ್ದಿ ಕಳಿಸುವುದನ್ನು ನಂಬಲು ಸ್ವಲ್ಪ ಸಮಯ ಬೇಡವೇ? ಆಮೇಲೆ ಬಾಗಿಲ ಪಾಠ. ಹಿಡಿಯನ್ನು ನಿಧಾನ ಆಚೀಚೆ ತಿರುಗಿಸುತ್ತ ಹೋದರೆ ಗೋಡೆ ಇರುವಲ್ಲಿ ಮಿಡಿತ, ಬಾಗಿಲ ಸಂದು ಬಂದಲ್ಲಿ ಮೌನ. ಮೌನದ ಕಡೆಗೆ ನಡೆದರೆ ಹೊರಗೆ.

ಹೊರಗೆ ಬಂದರೆ ಮೂರು ಮೀಟರಿನವರೆಗಿನ ಸುದ್ದಿ ಬೇಕು. ಒಳಗೆ, ಆಫೀಸಿನ ಪಡಸಾಲೆಯಲ್ಲಿ ಅಷ್ಟು ದೂರದ ಸುದ್ದಿ ತಂದರೆ ಅಂಗೈಗೆ ಬಿಡುವೇ ಇಲ್ಲ, ಎಲ್ಲ ಕಡೆಯೂ ಏನಾದರೊಂದು ಇದ್ದೇ ಇರುತ್ತದೆ. ಅದಕ್ಕೆ 1.8 ಮೀಟರಿನ ಇನ್ನೊಂದು ಅಳತೆ. ಗುಂಡಿ ಒತ್ತಿ ಬದಲಾಯಿಸಿಕೊಳ್ಳಬಹುದು. ಸಾಲಿನಲ್ಲಿ ನಿಂತಾಗ ಇದರ ಉಪಯೋಗ ದೊಡ್ಡದು. ಮುಂದಿನವರು ಒಂದು ಹೆಜ್ಜೆ ಸರಿದರೆ ಅಂಗೈಗೆ ತಿಳಿಯುತ್ತದೆ, ನಾವೂ ಸರಿಯಬಹುದು. ಅವರ ಹಿಮ್ಮಡಿಗೆ ಬೆತ್ತ ಕುಟ್ಟಿ ಬೈಸಿಕೊಳ್ಳಬೇಕಿಲ್ಲ. ದಾರಿಯಲ್ಲಿ ಗುಂಪಾಗಿ ಮಾತಾಡುತ್ತ ನಿಂತವರಿಗೆ ಡಿಕ್ಕಿ ಹೊಡೆದು ‘ಕಣ್ಣು ಕಾಣಲ್ವಾ?’ ಅಂತ ಕೇಳಿಸಿಕೊಳ್ಳುವ ಪ್ರಸಂಗ ಕಡಿಮೆಯಾಗುತ್ತದೆ. ಹೆಣ್ಣುಮಕ್ಕಳಿಗೆ ಅಪರಿಚಿತರ ಮೈ ತಾಗದಂತೆ ನಡೆಯುವುದು ಎಷ್ಟು ಮುಖ್ಯ ಎಂದು ಬೇರೆ ಹೇಳಬೇಕೆ? ಮಲಗಿದ ಬೀದಿನಾಯಿಯ ಮೇಲೆ ಬೆತ್ತ ಬಿದ್ದರೆ ಏನಾಗುತ್ತದೆ ಎಂಬುದನ್ನಂತೂ ಊಹಿಸಿಯೇ ಮೈ ಜುಂ ಎನ್ನುತ್ತದೆ. ಆದರೆ ನಾಯಿ ಮಲಗುವುದು ನೆಲದ ಮೇಲೆ, ಅಂದರೆ ಬೆತ್ತದ ಪಾಲಿಗೆ ಸೇರಿದ ಲೋಕದಲ್ಲಿ. ಹಿಡಿ ಅಲ್ಲಿ ಹೆಚ್ಚು ನೆರವಾಗದು.

ಹೀಗೆ ಅದಕ್ಕೆ ಎಟುಕದ್ದೂ ಬಹಳ ಇದೆ. ಗುಂಡಿ ತೋರಿಸುವುದಿಲ್ಲ, ಕೆಳಕ್ಕಿಳಿಯುವ ಮೆಟ್ಟಿಲು ತೋರಿಸುವುದಿಲ್ಲ. ಎದುರಿಗಿರುವುದು ಕಂಬವೋ ಪೊಲೀಸಿನವನೋ ಹೇಳುವುದಿಲ್ಲ. ಸಂಜೆ ಮಾರುಕಟ್ಟೆಯ ನೂಕುನುಗ್ಗಲಿನಲ್ಲಿ ಅಂಗೈ ಸುಮ್ಮನೆ ನಡುಗುತ್ತಲೇ ಇರುತ್ತದೆ. ಆಗ ಸ್ವಿಚ್ ಆರಿಸಿ ಹಳೆಯ ಬೆತ್ತವನ್ನೇ ನಂಬುವುದು ಜಾಣತನ. ಮಾಡಿದವರಿಗೂ ಇದು ಗೊತ್ತಿತ್ತು. ಇಷ್ಟನ್ನೇ ಮಾಡುತ್ತೇವೆ, ಅಗ್ಗವಾಗಿ ಮಾಡುತ್ತೇವೆ ಎಂದು ಗೆರೆ ಎಳೆದುಕೊಂಡದ್ದರಿಂದಲೇ ಬೆಲೆ ಮೂರು ಸಾವಿರದ ಹತ್ತಿರ ನಿಂತದ್ದು. ಇಲ್ಲಿ ನನ್ನದೊಂದು ಗೊಣಗಾಟ: ಲಾರಿಯ ಹಲಗೆ, ಛತ್ರಿಯ ಕಡ್ಡಿ, ಏಸಿ ಡಬ್ಬಗಳನ್ನು ಫುಟ್‌ಪಾತಿನ ಮೇಲೆ ಇಟ್ಟವರು ನಾವು, ಅವುಗಳಿಂದ ತಪ್ಪಿಸಿಕೊಳ್ಳಲು ಯಂತ್ರ ಕೊಳ್ಳಬೇಕಾದವರು ಅವರು. ಈ ಲೆಕ್ಕ ನನಗೆ ಇವತ್ತಿಗೂ ಸರಿಹೊಂದಿಲ್ಲ.

ಬೆತ್ತದ ಜೊತೆಜೊತೆಗೇ ಆ ಪ್ರಯೋಗಾಲಯದಲ್ಲಿ ಇನ್ನೊಂದು ಪ್ರಶ್ನೆ ಎದ್ದಿತ್ತು. ಮನೆಯಿಂದ ಬಸ್ ಸ್ಟಾಪಿನವರೆಗೆ ಹೇಗೋ ಬಂದಾಯಿತು, ಬರುವ ಬಸ್ಸು ಯಾವುದು? ಅದಕ್ಕೆ ಹುಟ್ಟಿದ್ದು ‘ಆನ್‌ಬೋರ್ಡ್’. ಅಂಗೈಯಲ್ಲಿ ಹಿಡಿಯುವ ಒಂದು ಡಬ್ಬಿ, ಬಸ್ಸಿನೊಳಗೆ ಇನ್ನೊಂದು, ಎರಡರ ನಡುವೆ ರೇಡಿಯೋ ತರಂಗದ ಮಾತುಕತೆ. ಇದನ್ನು ನೋಡಲು ದೆಹಲಿಗೆ ಹೋಗಬೇಕಿಲ್ಲ. 2024ರಲ್ಲಿ ಕೆಎಸ್‌ಆರ್‌ಟಿಸಿ ಮೈಸೂರಿನ 200 ನಗರ ಸಾರಿಗೆ ಬಸ್ಸುಗಳಿಗೆ ಈ ವ್ಯವಸ್ಥೆಯನ್ನು ‘ಧ್ವನಿ ಸ್ಪಂದನ’ ಎಂಬ ಹೆಸರಿನಲ್ಲಿ ತಂದಿತು.

ಮೈಸೂರಿನ ನಗರ ಬಸ್ ನಿಲ್ದಾಣ ಎಂದರೆ ಗೊತ್ತಲ್ಲ, ಅರಮನೆಯ ಮಗ್ಗುಲಲ್ಲೇ ಇದ್ದರೂ ಅರಮನೆಯ ಗಾಂಭೀರ್ಯ ಒಂದಿಷ್ಟೂ ತಾಗದ ಜಾಗ. ಡೀಸೆಲ್ ಹೊಗೆ, ಮಲ್ಲಿಗೆ ಮಾರುವವರ ಬುಟ್ಟಿಯ ಪರಿಮಳ, ಹುರಿದ ಕಡಲೆಕಾಯಿ, ‘ಬೆಟ್ಟ, ಬೆಟ್ಟ, ಬೆಟ್ಟ’ ಎಂದು ಕೂಗುವ ಕಂಡಕ್ಟರು, ರಿವರ್ಸ್ ತೆಗೆಯುವ ಬಸ್ಸಿನ ಹಿಂದೆ ತಗಡು ಬಡಿಯುವ ಸದ್ದು. ಇಂಥಲ್ಲಿ ದೃಷ್ಟಿ ಇಲ್ಲದವರು ಇಷ್ಟು ಕಾಲ ಪಕ್ಕದವರನ್ನು ‘ಅಣ್ಣಾ, ಇದ್ಯಾವ ಬಸ್ಸು?’ ಎಂದು ಕೇಳುತ್ತ ನಿಲ್ಲಬೇಕಿತ್ತು. ಪಕ್ಕದ ಅಣ್ಣ ಫೋನಿನಲ್ಲಿ ಮುಳುಗಿದ್ದರೆ ಬಸ್ಸು ಹೋಯಿತು. ಅಣ್ಣ ತನ್ನ ಬಸ್ಸು ಹತ್ತಿ ಹೋದರೆ ಇನ್ನೊಬ್ಬ ಅಣ್ಣನನ್ನು ಹುಡುಕಬೇಕು. ಈಗ ಡಬ್ಬಿಯ ಗುಂಡಿ ಒತ್ತಿದರೆ ಹತ್ತಿರದಲ್ಲಿರುವ ಬಸ್ಸುಗಳ ಮಾರ್ಗದ ಸಂಖ್ಯೆ ಕಿವಿಗೆ ಬೀಳುತ್ತದೆ. ತನ್ನ ಬಸ್ಸಿನ ಸಂಖ್ಯೆ ಬಂದಾಗ ಇನ್ನೊಂದು ಗುಂಡಿ. ಆಗ ಆ ಬಸ್ಸಿನ ಬಾಗಿಲ ಬಳಿಯ ಸ್ಪೀಕರು ಕೂಗುತ್ತದೆ. ಸಂಖ್ಯೆಯಷ್ಟೇ ಅಲ್ಲ, ಬಾಗಿಲು ಎಲ್ಲಿದೆ ಎಂಬುದೂ ಆ ಕೂಗಿನಿಂದಲೇ ತಿಳಿಯಬೇಕು. ಅದಕ್ಕೇ ಸ್ಪೀಕರು ಬಾಗಿಲಲ್ಲಿ. ಡ್ರೈವರಿಗೂ ಕೇಳಿಸುತ್ತದೆ, ಯಾರೋ ಹತ್ತುವವರಿದ್ದಾರೆ, ಒಂದು ಕ್ಷಣ ತಾಳಬೇಕು ಎಂದು.

ತಾಳುತ್ತಾರೋ ಇಲ್ಲವೋ, ಅದು ರೇಡಿಯೋ ತರಂಗದ ಕೈಯಲ್ಲಿಲ್ಲ. ಸ್ಟಾಪಿನಿಂದ ಹತ್ತು ಮಾರು ಮುಂದೆ ಬಸ್ಸು ನಿಲ್ಲಿಸಿ ‘ಬೇಗ ಬನ್ರೀ’ ಎನ್ನುವ ಅಭ್ಯಾಸಕ್ಕೆ ಸರ್ಕ್ಯೂಟಿನಲ್ಲಿ ಮದ್ದಿಲ್ಲ. ಸ್ಪೀಕರಿನ ಕೂಗು ಕೇಳಿ ಜನ ತಿರುಗಿ ನೋಡುತ್ತಾರೆ, ಬೆತ್ತಕ್ಕೆ ದಾರಿ ಬಿಡುತ್ತಾರೆ. ಮೆಟ್ಟಿಲ ಅಂಚಿಗೆ ಬೆತ್ತ ಎರಡು ಸಲ ತಾಗುತ್ತದೆ, ಎತ್ತರ ಅಳೆಯಲು. ಕಂಬಿ ಸಿಗುತ್ತದೆ, ಕಾಲು ಏರುತ್ತದೆ, ಬೆತ್ತ ಮಡಚಿ ಕಂಕುಳಿಗೆ ಹೋಗುತ್ತದೆ. ಕಂಡಕ್ಟರು ರೈಟ್ ಹೇಳಿ, ನೂಕಿಕೊಂಡು ಬಂದು, ಎಲ್ಲರನ್ನೂ ಕೇಳುವ ದನಿಯಲ್ಲೇ ಕೇಳುತ್ತಾರೆ: ‘ಪಾಸಾ? ತೋರಿಸಿ ಸರ್. ಹಂಗೇ ಸ್ವಲ್ಪ ಒಳಗಡೆ ನಡೀರಿ, ಬಾಗಿಲಲ್ಲಿ ನಿಲ್ಬೇಡಿ.’